ಎರಡು ತಲೆಯ ಹಕ್ಕಿ ಯಾರದು?

ಸರಸಂಬಾದ ನಮ್ಮ ಹಳೆಯ ಮನೆಯ ಪಡಸಾಲೆಯಲ್ಲಿ ತಗಡಿನ ಟ್ರಂಕೊಂದಿದೆ. ನಿವೃತ್ತನಾದ ಮೇಲೆ ಒಂದು ಮಧ್ಯಾಹ್ನ ಅದರ ಧೂಳು ಕೊಡವಿ, ಒಳಗಿನ ಕಾಗದಗಳನ್ನು ಒಂದೊಂದಾಗಿ ಬಿಡಿಸಿ ನೋಡುತ್ತ ಕುಳಿತೆ. ತಳದಲ್ಲಿ ನಮ್ಮ ಮುತ್ಯಾನ ಕಾಲದ ಜಮೀನಿನ ಕಾಗದ; ಅದು ಉರ್ದುವಿನಲ್ಲಿದ್ದು, ನಿಜಾಮ ಸರಕಾರದ ದುಂಡು ಮೊಹರು ಮಾಸಿಹೋಗಿದೆ. ಅದರ ಮೇಲೆ ನಮ್ಮ ತಂದೆಯವರ ಕಾಲದ, ಮೈಸೂರು ರಾಜ್ಯದ ಕಾಗದಗಳು. ಎಲ್ಲಕ್ಕಿಂತ ಮೇಲೆ ಕರ್ನಾಟಕ ಸರಕಾರ ನನಗೆ ಕೊಟ್ಟ ನೇಮಕಾತಿ ಆದೇಶ. ಮೂರು ತಲೆಮಾರು, ಮೂರು ಸರಕಾರ, ಒಂದೇ ಊರು, ಒಂದೇ ಹೊಲ. ನಾವು ಕುಳಿತಲ್ಲಿಂದ ಕದಲಲಿಲ್ಲ. ಕಾಗದದ ನೆತ್ತಿಯ ಮೇಲಿನ ಚಿಹ್ನೆ ಮಾತ್ರ ಬದಲಾಗುತ್ತ ಹೋಯಿತು.

ಆ ಚಿಹ್ನೆಗಳಲ್ಲಿ ಕೊನೆಯದಾದ ಗಂಡಭೇರುಂಡದ ಕುರಿತು ಈ ಲೇಖನ. ಕಣ್ಣಿನಿಂದ ಯಾರೂ ಕಂಡಿರದ, ಆದರೆ ಕೋಟ್ಯಂತರ ಜನರ ಕಾಗದಪತ್ರಗಳ ಮೇಲೆ ರೆಕ್ಕೆ ಹರಡಿ ನಿಂತಿರುವ ಆ ಹಕ್ಕಿಯ ವಿಷಯದಲ್ಲಿ ನಾನೊಂದು ತಪ್ಪು ಮಾಡಿದ್ದೇನೆ. ಅದೂ ತರಗತಿಯಲ್ಲಿ, ಒಬ್ಬ ಹುಡುಗನ ಮುಂದೆ. ಮೊದಲು ಅದನ್ನೇ ಹೇಳಿಬಿಡುತ್ತೇನೆ.

1994ರ ಮಾತು. ಆಗ ನಾನು ನಮ್ಮ ತಾಲ್ಲೂಕಿನ ಒಂದು ಸರಕಾರಿ ಪ್ರೌಢಶಾಲೆಯಲ್ಲಿ ಸಮಾಜ ವಿಜ್ಞಾನದ ಶಿಕ್ಷಕನಾಗಿದ್ದೆ. ಮೇಲಿನಿಂದ ಬಂದ ಸುತ್ತೋಲೆಯೊಂದಕ್ಕೆ ಎಲ್ಲ ಶಿಕ್ಷಕರ ಸಹಿ ಬೇಕಿತ್ತು. ಒಂಬತ್ತನೆಯ ತರಗತಿಯ ಚುರುಕು ಹುಡುಗನೊಬ್ಬನ ಕೈಗೆ ಅದನ್ನು ಕೊಟ್ಟು ಕಳಿಸಿದೆ. ಅವನು ಬಾಗಿಲ ತನಕ ಹೋದವನು ನಿಂತು, ಕಾಗದದ ನೆತ್ತಿಯ ಚಿತ್ರವನ್ನು ದಿಟ್ಟಿಸಿ ನೋಡಿ ಕೇಳಿದ:

"ಸರ್, ಇಂಥ ಹಕ್ಕಿ ಖರೇನೇ ಇರ್ತದೇನ್ರಿ?"

ಎಂಥ ಒಳ್ಳೆಯ ಪ್ರಶ್ನೆ! ಇತಿಹಾಸ ಕಲಿಸುವವನಿಗೆ ಇಂಥ ಪ್ರಶ್ನೆ ವರ್ಷಕ್ಕೊಮ್ಮೆ ಸಿಕ್ಕರೂ ಪುಣ್ಯ. ನಾನು ಕೊಟ್ಟ ಉತ್ತರವೇನು? "ಇಲ್ಲೋ ತಮ್ಮಾ, ಅದು ಮೈಸೂರ ರಾಜರ ಹಕ್ಕಿ. ನಮಗೂ ಅದಕ್ಕೂ ಏನೂ ಸಂಬಂಧ ಇಲ್ಲ. ಹೋಗು, ಸಹಿ ಮಾಡಿಸ್ಕೊಂಡು ಬಾ."

ಹುಡುಗ ಹೋದ. ತರಗತಿ ಮುಂದುವರಿಯಿತು.

ಹಾಗೇಕೆ ಹೇಳಿದೆ ಎಂಬುದಕ್ಕೆ ಕಾರಣವಿದೆ, ಅದು ಸಮರ್ಥನೆಯಲ್ಲ. ಬಿ.ಎಡ್. ಮುಗಿಸಿ ಕೆಲಸ ಹುಡುಕುತ್ತಿದ್ದ ದಿನಗಳಲ್ಲಿ ದೂರದ ಊರೊಂದಕ್ಕೆ ಸಂದರ್ಶನಕ್ಕೆ ಹೋಗಿದ್ದೆ. ನಾನು ಬಾಯಿ ತೆರೆದೊಡನೆ ಅಲ್ಲಿ ಕುಳಿತವರಲ್ಲಿ ಒಬ್ಬರು ನಕ್ಕು, ಇದು ಯಾವ ಸೀಮೆಯ ಕನ್ನಡವೆಂದು ಕೇಳಿದರು. ಆ ನಗು ಬಹಳ ಕಾಲ ನನ್ನ ಕಿವಿಯಲ್ಲಿ ಉಳಿಯಿತು. 1956ರ ನವೆಂಬರ್ 1ರಂದು ಹೈದರಾಬಾದ್ ರಾಜ್ಯದ ಗುಲಬರ್ಗಾ, ಬೀದರ, ರಾಯಚೂರು ಜಿಲ್ಲೆಗಳು ಮೈಸೂರು ರಾಜ್ಯಕ್ಕೆ ಸೇರಿದವು. 1973ರಲ್ಲಿ ರಾಜ್ಯಕ್ಕೆ ಕರ್ನಾಟಕವೆಂಬ ಹೆಸರೂ ಬಂತು. ಆದರೆ ತಡವಾಗಿ ಬಂದ ನೆಂಟರ ಹಾಗೆ ಪಂಕ್ತಿಯ ಕೊನೆಯ ಎಲೆಗೆ ಕುಳಿತಿದ್ದೇವೆಂಬ ಭಾವನೆ ನಮ್ಮ ಭಾಗದ ಅನೇಕರ ಮನಸ್ಸಿನಿಂದ ಹೋಗಿರಲಿಲ್ಲ. ನನ್ನ ಮನಸ್ಸಿನಿಂದಲೂ ಹೋಗಿರಲಿಲ್ಲ. ಆ ಹುಡುಗನಿಗೆ ಅಂದು ಉತ್ತರ ಕೊಟ್ಟದ್ದು ನನ್ನ ಓದಲ್ಲ, ನನ್ನ ಹಳೆಯ ಗಾಯ.

ಅದಿರಲಿ. ಚಿಹ್ನೆಯೊಂದಕ್ಕೆ ಶಕ್ತಿ ಎಲ್ಲಿಂದ ಬರುತ್ತದೆಂಬುದನ್ನು ನಾನು ಬಾಲ್ಯದಲ್ಲೇ ನಮ್ಮ ಮುತ್ಯಾನ ಬಾಯಿಂದ ಕೇಳಿದ್ದೆ. ನಿಜಾಮರ ಹಳದಿ ಬಾವುಟದ ನಡುವೆ ಒಂದು ದುಂಡು ಗುರುತು ಇರುತ್ತಿತ್ತು. ಅದು ಚಂದ್ರನೂ ಅಲ್ಲ, ಸೂರ್ಯನೂ ಅಲ್ಲ, ಕುಲ್ಚಾ ಎಂಬ ರೊಟ್ಟಿ! ಮೊದಲ ನಿಜಾಮನಾದ ನಿಜಾಮ್-ಉಲ್-ಮುಲ್ಕನು ದಖ್ಖನ್ನಿಗೆ ಹೊರಡುವ ಮೊದಲು ನಿಜಾಮುದ್ದೀನರೆಂಬ ಸೂಫಿ ಸಂತರ ದರ್ಶನಕ್ಕೆ ಹೋದನಂತೆ. ಅವರು ಹಳದಿ ಬಟ್ಟೆಯಲ್ಲಿ ಕಟ್ಟಿದ ಕುಲ್ಚಾಗಳನ್ನು ಮುಂದಿಟ್ಟರಂತೆ. ಹಸಿದಿದ್ದ ಅವನು ಏಳನ್ನು ತಿಂದು ಸಾಕೆಂದನಂತೆ. ಏಳು ತಲೆಮಾರು ಆಳುವಿ ಎಂದು ಸಂತರು ಹರಸಿದರಂತೆ. 1724ರಲ್ಲಿ ಆರಂಭವಾದ ಆ ಮನೆತನದ ಆಳ್ವಿಕೆ 1948ರ ಸೆಪ್ಟೆಂಬರ್ 17ರಂದು ಏಳನೆಯ ಆಸಫ್ ಜಾ ಮೀರ್ ಉಸ್ಮಾನ್ ಅಲಿ ಖಾನನ ಕಾಲದಲ್ಲಿ ಮುಗಿಯಿತು. "ನೋಡಿದ್ಯಾ, ಸಾಧುಗಳ ಮಾತು ಸುಳ್ಳಾಗಂಗಿಲ್ಲ" ಎನ್ನುತ್ತಿದ್ದರು ಮುತ್ಯಾ.

ಮುಂದೆ ಇತಿಹಾಸ ಓದಿದಾಗ ಒಂದು ಸಂಗತಿ ತಿಳಿಯಿತು. ಮೊದಲನೆಯ ಮತ್ತು ಎರಡನೆಯ ಆಸಫ್ ಜಾಹರ ನಡುವೆ, 1748ರಿಂದ 1762ರವರೆಗೆ, ನಾಸಿರ್ ಜಂಗ್, ಮುಜಫ್ಫರ್ ಜಂಗ್, ಸಲಾಬತ್ ಜಂಗ್ ಎಂಬ ಮೂವರು ಗದ್ದುಗೆಯಲ್ಲಿದ್ದರು. ಅವರಿಗೆ ಆಸಫ್ ಜಾ ಎಂಬ ಬಿರುದಿರಲಿಲ್ಲವಾದ್ದರಿಂದ ಎಣಿಕೆಗೆ ಸೇರಲಿಲ್ಲ. ಸೇರಿಸಿದ್ದರೆ ಏಳು ಹತ್ತಾಗುತ್ತಿತ್ತು! ಚಿಹ್ನೆಯ ಮಹಿಮೆ ಅರ್ಧ ಅದರಲ್ಲಿಯೇ ಇರುತ್ತದೆ, ಇನ್ನರ್ಧ ಎಣಿಸುವವರ ಬೆರಳಿನಲ್ಲಿರುತ್ತದೆ. ರೊಟ್ಟಿಯ ವಿಷಯದಲ್ಲಿ ಇಷ್ಟು ತಿಳಿದಿದ್ದ ನಾನು ಹಕ್ಕಿಯ ವಿಷಯದಲ್ಲಿ ಎಣಿಸುವ ಗೋಜಿಗೇ ಹೋಗಿರಲಿಲ್ಲ.

ಆ ಎಣಿಕೆ ಮಾಡಿಸಿದ್ದು 1998ರ ಶಾಲಾ ಪ್ರವಾಸ. ಬನವಾಸಿಯನ್ನು ನೋಡಿಕೊಂಡು ಶಿಕಾರಿಪುರ ತಾಲ್ಲೂಕಿನ ಬಳ್ಳಿಗಾವೆಗೆ ಬಂದೆವು. ಅಲ್ಲಮಪ್ರಭುಗಳ ಊರೆಂದು ನಾವು ನೆನೆಯುವ ಬಳ್ಳಿಗಾವೆಯೇ ಅದು. ಕೇದಾರೇಶ್ವರ, ತ್ರಿಪುರಾಂತಕೇಶ್ವರ ಗುಡಿಗಳನ್ನು ಕಂಡು ಮಕ್ಕಳನ್ನು ಮುಂದೆ ಕರೆದುಕೊಂಡು ಹೋಗುತ್ತಿರುವಾಗ ಸುಮಾರು ಮೂವತ್ತು ಅಡಿ ಎತ್ತರದ ಕಲ್ಲಿನ ಕಂಬವೊಂದು ಎದುರಾಯಿತು. ಗಂಡಭೇರುಂಡ ಸ್ತಂಭ. ಅದಕ್ಕೆ ಸೇರಿದ ಶಿಲ್ಪದಲ್ಲಿ ದೇಹ ಮನುಷ್ಯನದು, ತಲೆಗಳೆರಡು ಹಕ್ಕಿಯವು. ಅಲ್ಲಿಯ ಹಿರಿಯರೊಬ್ಬರು ಶಾಸನದ ಸಾರವನ್ನು ನಮಗೆ ಬಿಡಿಸಿ ಹೇಳಿದರು: ಇದನ್ನು ನಿಲ್ಲಿಸಿದವನು ಬನವಾಸಿ ನಾಡನ್ನು ಆಳುತ್ತಿದ್ದ ಮಹಾಮಂಡಲೇಶ್ವರ ಚಾಮುಂಡರಾಯರಸ, ಕಾಲ ಕ್ರಿ.ಶ. 1047, ನಿಲ್ಲಿಸಿದ್ದು ಜಗದೇಕಮಲ್ಲೇಶ್ವರ ದೇವರ ಮುಂದೆ. ಅವನ ಒಡೆಯನಾದ ಚಕ್ರವರ್ತಿ ತ್ರೈಲೋಕ್ಯಮಲ್ಲ.

ನಾನು ನಿಂತಲ್ಲೇ ನಿಂತೆ. ತ್ರೈಲೋಕ್ಯಮಲ್ಲನೆಂದರೆ ಒಂದನೆಯ ಸೋಮೇಶ್ವರ, ಕಲ್ಯಾಣದ ಚಾಲುಕ್ಯ ಚಕ್ರವರ್ತಿ. ಆ ಕಲ್ಯಾಣ ಯಾವುದು? ನಮ್ಮ ಆಳಂದದ ನೆರೆಯಲ್ಲಿರುವ, ನಾವು ಮದುವೆ ಮುಂಜಿಗೆಂದು ಹೋಗಿಬರುವ ಇಂದಿನ ಬಸವಕಲ್ಯಾಣ! ಮೈಸೂರಿನ ರಾಜ ಒಡೆಯರು ಶ್ರೀರಂಗಪಟ್ಟಣದ ಸಿಂಹಾಸನವೇರಿದ್ದು 1610ರಲ್ಲಿ. ಅದಕ್ಕೆ ಐದೂವರೆ ಶತಮಾನಗಳ ಮೊದಲೇ, ನಮ್ಮ ಕಲ್ಯಾಣದ ಅರಸನ ರಾಜ್ಯದಲ್ಲಿ ಈ ಹಕ್ಕಿ ಕಂಬವೇರಿ ಕುಳಿತಿತ್ತು. "ನಮಗೂ ಅದಕ್ಕೂ ಏನೂ ಸಂಬಂಧ ಇಲ್ಲ" ಎಂದು ನಾಲ್ಕು ವರ್ಷದ ಹಿಂದೆ ನಾನು ಹೇಳಿದ್ದ ಮಾತು ನನ್ನನ್ನೇ ಅಣಕಿಸಿತು.

ಊರಿಗೆ ಬಂದ ಮೇಲೆ ಓದಲು ತೊಡಗಿದೆ. ಕಂಡದ್ದರಲ್ಲಿ ಕೆಲವನ್ನು ಇಲ್ಲಿ ಹಂಚಿಕೊಳ್ಳುತ್ತೇನೆ.

ಮೊದಲು ಹೆಸರು. ತರಗತಿಯಲ್ಲಿ ಗಂಡಭೇರುಂಡ ಎಂದೊಡನೆ ಹಿಂದಿನ ಬೆಂಚಿನಲ್ಲಿ ಕಿಸಿಕಿಸಿ ನಗು ಏಳುವುದು ವಾಡಿಕೆ. ಇಲ್ಲಿ ಗಂಡನೆಂದರೆ ಹೆಂಡತಿಯ ಗಂಡನಲ್ಲ. ಶೂರ, ಎದುರಾಳಿಯನ್ನು ಅಡಗಿಸುವವನು. ಹಳಗನ್ನಡದ ಬಿರುದುಗಳಲ್ಲಿ ಈ ಪದ ಹೆಜ್ಜೆಹೆಜ್ಜೆಗೂ ಬರುತ್ತದೆ. ಭೇರುಂಡವೆಂದರೆ ಭಯಂಕರವಾದದ್ದು. ಆನೆಯನ್ನು ಕೊಲ್ಲುವುದು ಸಿಂಹ. ಅಂಥ ಆನೆಗಳನ್ನೇ ಕೊಕ್ಕಿನಲ್ಲೂ ಉಗುರಿನಲ್ಲೂ ಎತ್ತಿಕೊಂಡು ಹಾರುವುದು ಈ ಹಕ್ಕಿ. ಅರಸರಿಗೆ ಇದಕ್ಕಿಂತ ಒಪ್ಪುವ ಕಲ್ಪನೆ ಬೇರೊಂದುಂಟೇ?

ಕಲ್ಪನೆಯ ಹಕ್ಕಿಯಾದರೂ ಅದರ ಆಣತಿ ಮಣ್ಣಿನ ಮೇಲೆ ನಡೆಯುತ್ತಿತ್ತು. ಬಳ್ಳಿಗಾವೆಯ ಶಾಸನದಲ್ಲಿ ದತ್ತಿಯ ಭೂಮಿಯನ್ನು ಅಳೆಯುವ ಕೋಲಿಗೆ ‘ಭೇರುಂಡ ಗಳೆ’ ಎಂಬ ಹೆಸರು ಕಾಣುತ್ತದೆ. ಯಾರೂ ಕಾಣದ ಹಕ್ಕಿಯ ಹೆಸರಿನಲ್ಲಿ ಎಲ್ಲರೂ ಉಳುವ ಹೊಲದ ಅಳತೆ!

ಇನ್ನು ಪುರಾಣ. ಹಿರಣ್ಯಕಶಿಪುವನ್ನು ಸೀಳಿದ ನರಸಿಂಹನ ಉಗ್ರತೆ ತಣಿಯಲಿಲ್ಲವೆಂದು ಶಿವನು ಶರಭರೂಪ ತಾಳಿ ಅವನನ್ನು ಅಡಗಿಸಿದನೆಂದು ಶೈವರು ಹೇಳಿದರು. ಆಗ ವಿಷ್ಣು ಗಂಡಭೇರುಂಡನಾಗಿ ಶರಭವನ್ನೇ ಗೆದ್ದನೆಂದು ವೈಷ್ಣವರು ಕಥೆ ಮುಂದುವರಿಸಿದರು. ನಿನ್ನ ದೇವರಿಗಿಂತ ನನ್ನ ದೇವರು ಒಂದು ಗೇಣು ಎತ್ತರವೆಂಬ ಪೈಪೋಟಿಯ ಕಥೆಯಿದು. ಆದರೆ ನನಗೊಂದು ಅನುಮಾನ. ಜಗದೇಕಮಲ್ಲೇಶ್ವರ ಶಿವನ ಗುಡಿ. ಶಿವನನ್ನು ಸೋಲಿಸಿದ ಹಕ್ಕಿಯೆಂಬ ಅರ್ಥವಿದ್ದಿದ್ದರೆ ಚಾಮುಂಡರಾಯರಸನು ಅದನ್ನು ಶಿವಾಲಯದ ಮುಂದೆಯೇ ನಿಲ್ಲಿಸುತ್ತಿದ್ದನೆ? ಅವನಿಗೆ ಅದು ಮತಗಳ ಜಗಳವಾಗಿರಲಿಲ್ಲ, ಶೌರ್ಯದ ಗುರುತಾಗಿತ್ತು ಎಂದೇ ನನ್ನ ತಿಳಿವಳಿಕೆ. ಜಗಳವನ್ನು ಹಕ್ಕಿಯ ಹೆಗಲಿಗೆ ಹೊರಿಸಿದವರು ಬೇರೆಯವರು.

ಇದರ ಪುರಾವೆ ನಮ್ಮ ಕಿಸೆಯಲ್ಲಿರುವ ಸರಕಾರಿ ಕಾಗದದಲ್ಲೇ ಇದೆ. ಕರ್ನಾಟಕದ ಲಾಂಛನವನ್ನು ಒಮ್ಮೆ ಗಮನವಿಟ್ಟು ನೋಡಿ. ಕೆಂಪು ಗುರಾಣಿಯ ನಡುವೆ ಬಿಳಿಯ ಗಂಡಭೇರುಂಡ, ಮೇಲೆ ಅಶೋಕಸ್ತಂಭದ ಸಿಂಹಗಳು, ಕೆಳಗೆ ಸತ್ಯಮೇವ ಜಯತೇ. ಎಡಬಲದಲ್ಲಿ ಸೊಂಡಿಲುಳ್ಳ ಸಿಂಹದೇಹದ ಎರಡು ಪ್ರಾಣಿಗಳು. ಅವನ್ನು ಗಜಕೇಸರಿಯೆಂದೂ ಶರಭವೆಂದೂ ಕರೆಯುತ್ತಾರೆ. ಪುರಾಣದಲ್ಲಿ ಶರಭ ಮತ್ತು ಗಂಡಭೇರುಂಡ ಪರಸ್ಪರ ಕೊಲ್ಲಹೊರಟ ವೈರಿಗಳು. ಲಾಂಛನದಲ್ಲಿ ಒಂದೇ ಗುರಾಣಿಯನ್ನು ಎತ್ತಿಹಿಡಿದ ಜೊತೆಗಾರರು!

ಬಳ್ಳಿಗಾವೆಯಿಂದ ಹಕ್ಕಿ ಮುಂದಕ್ಕೂ ಹಾರಿತು. ವಿಜಯನಗರದ ಅಚ್ಯುತರಾಯನ (1529-1542) ಚಿನ್ನದ ನಾಣ್ಯಗಳ ಮೇಲೆ ಆನೆಗಳನ್ನು ಹಿಡಿದ ಗಂಡಭೇರುಂಡವಿದೆ. ಕೆಳದಿಯ ರಾಮೇಶ್ವರ ಗುಡಿಯ ಭುವನೇಶ್ವರಿಯಲ್ಲಿ ಅದನ್ನು ಕೆತ್ತಿದ್ದಾರೆ. ಮೈಸೂರು ಒಡೆಯರು ಅದನ್ನು ರಾಜಲಾಂಛನವನ್ನಾಗಿ ಉಳಿಸಿಕೊಂಡು ಬಂದರು; ಅವರಿಂದ ಮೈಸೂರು ರಾಜ್ಯಕ್ಕೆ, ಅಲ್ಲಿಂದ ಕರ್ನಾಟಕಕ್ಕೆ. ಹೀಗೆ 1956ರಲ್ಲಿ ಅದು ನಮ್ಮ ತಂದೆಯವರ ಕಾಗದದ ಮೇಲೆ ಬಂದು ಕುಳಿತಾಗ, ತ್ರೈಲೋಕ್ಯಮಲ್ಲನ ಸೀಮೆಗೆ ಒಂಬೈನೂರು ವರ್ಷಗಳ ಮೇಲೆ ಮರಳಿ ಬಂದಂತಾಗಿತ್ತು. ಆದರೆ ಆ ನೆಂಟಸ್ತಿಕೆಯನ್ನು ನಮಗೆ ಯಾರೂ ಹೇಳಿರಲಿಲ್ಲ. ಹೇಳಬೇಕಾದವರು ಯಾರು? ನನ್ನಂಥ ಶಿಕ್ಷಕರೇ ಅಲ್ಲವೇ?

ಇಲ್ಲಿಗೆ ನಿಲ್ಲಿಸಿದ್ದರೆ ನನಗೆ ಬಹಳ ಹಿತವಾಗುತ್ತಿತ್ತು. ಹಕ್ಕಿ ನಿಮ್ಮದಲ್ಲ, ನಮ್ಮದೇ ಎಂದು ಆ ನಕ್ಕವರಿಗೆ ಮನಸ್ಸಿನಲ್ಲೇ ಉತ್ತರ ಕೊಟ್ಟು ಮೀಸೆ ತಿರುವಬಹುದಿತ್ತು. ಆದರೆ ಓದು ಅಷ್ಟಕ್ಕೇ ಬಿಡಲಿಲ್ಲ.

ಇಂದು ಪಾಕಿಸ್ತಾನದಲ್ಲಿರುವ ತಕ್ಷಶಿಲೆಯ ಸಿರ್ಕಪ್ ಎಂಬಲ್ಲಿ ಸರ್ ಜಾನ್ ಮಾರ್ಷಲ್ ಅವರು ಉತ್ಖನನ ನಡೆಸಿದಾಗ ಒಂದು ಸ್ತೂಪದ ಪೀಠ ದೊರೆಯಿತು. ಅದರ ಮುಖದ ಮೇಲೆ ಕೆತ್ತಿದ ತೋರಣವೊಂದರ ನೆತ್ತಿಯಲ್ಲಿ ಎರಡು ತಲೆಯ ಹದ್ದು ಕುಳಿತಿದೆ. ಕಾಲ ಕ್ರಿಸ್ತಶಕ ಒಂದನೆಯ ಶತಮಾನ. ಅಂದರೆ ಬಳ್ಳಿಗಾವೆಯ ಕಂಬಕ್ಕಿಂತ ಸುಮಾರು ಸಾವಿರ ವರ್ಷ ಹಿಂದೆ. ಅದಕ್ಕೂ ಹಿಂದಕ್ಕೆ ಹೋದರೆ, ಇಂದಿನ ತುರ್ಕಿಯ ಅಲಾಜಾ ಹುಯುಕ್ ಎಂಬಲ್ಲಿ ಹಿಟೈಟರು ಮೂರು ಸಾವಿರ ವರ್ಷಗಳಿಗೂ ಹಿಂದೆ ಕೋಟೆಯ ಬಾಗಿಲಲ್ಲಿ ಕೆತ್ತಿದ ಎರಡು ತಲೆಯ ಹದ್ದು ಇದೆ. ಅದರ ಉಗುರುಗಳಲ್ಲಿ ಮೊಲಗಳು. ಆ ಮೊಲಗಳ ಜಾಗದಲ್ಲಿ ನಮ್ಮವರು ಆನೆಗಳನ್ನಿಟ್ಟರು. ಅಷ್ಟರ ಮಟ್ಟಿಗೆ ನಮ್ಮ ಕಲ್ಪನೆ ದೊಡ್ಡದೆಂದು ಹೆಮ್ಮೆಪಡೋಣ! ರೋಮ್ ಚಕ್ರವರ್ತಿಗಳ ಹೆಸರು ಹೇಳಿದ ಯುರೋಪಿನ ಅರಸರೂ, ರಷ್ಯದ ಜಾರರೂ ಎರಡು ತಲೆಯ ಹದ್ದನ್ನೇ ಧರಿಸಿದರು. ಅಲ್ಬೇನಿಯದ ಕೆಂಪು ಧ್ವಜದ ಮೇಲೆ ಇಂದಿಗೂ ಅದು ಇದೆ.

ಹಾಗಾದರೆ ಹಕ್ಕಿ ಯಾರದು? ಕಂಡವರೇ ಇಲ್ಲದ ಹಕ್ಕಿಗೆ ಗೂಡು ಎಲ್ಲಿಯದು? ಮನುಷ್ಯರು ಅದನ್ನು ಕಲ್ಪಿಸಿಕೊಂಡ ಜಾಗಗಳೆಲ್ಲ ಅದರ ಗೂಡೇ. ಅದು ಮೈಸೂರಿನದೂ ಹೌದು, ಕಲ್ಯಾಣದ್ದೂ ಹೌದು, ತಕ್ಷಶಿಲೆಯದೂ ಹೌದು. ಸಂಬಂಧವಿಲ್ಲವೆಂದು ನಾನು ಹೇಳಿದ್ದು ಎಷ್ಟು ಸುಳ್ಳೋ, ನಮ್ಮದು ಮಾತ್ರವೆಂದು ಹೇಳಿದ್ದರೂ ಅಷ್ಟೇ ಸುಳ್ಳಾಗುತ್ತಿತ್ತು.

ಈ ಸಂದರ್ಭದಲ್ಲಿ ಪಂಚತಂತ್ರದ ಒಂದು ಕಥೆ ನೆನಪಾಗುತ್ತದೆ. ಭಾರುಂಡವೆಂಬ ಹಕ್ಕಿಗೆ ಹೊಟ್ಟೆ ಒಂದೇ, ತಲೆ ಎರಡು. ಒಂದು ತಲೆಗೆ ಅಮೃತದಂಥ ಹಣ್ಣು ಸಿಕ್ಕಿತು. ಎರಡನೆಯದು ಪಾಲು ಕೇಳಿದಾಗ, ಹೇಗಿದ್ದರೂ ಹೊಟ್ಟೆ ಒಂದೇ ತಾನೆ ಎಂದು ಮೊದಲನೆಯದು ಕೊಡಲಿಲ್ಲ. ಅವಮಾನ ನುಂಗಿದ ಎರಡನೆಯ ತಲೆ ಒಂದು ದಿನ ವಿಷದ ಹಣ್ಣನ್ನು ಕಂಡು, ಸೇಡಿಗಾಗಿ ಅದನ್ನು ತಿಂದಿತು. ಹಕ್ಕಿ ಸತ್ತಿತು. ಪಂಚತಂತ್ರವನ್ನು ಕನ್ನಡಕ್ಕೆ ತಂದ ದುರ್ಗಸಿಂಹನು ಇದ್ದದ್ದು ಹನ್ನೊಂದನೆಯ ಶತಮಾನದಲ್ಲಿ, ಸೋಮೇಶ್ವರನ ತಂದೆ ಜಗದೇಕಮಲ್ಲ ಜಯಸಿಂಹನ ಆಸ್ಥಾನದಲ್ಲಿ. ಯಾವ ಜಗದೇಕಮಲ್ಲನ ಹೆಸರಿನ ಗುಡಿಯ ಮುಂದೆ ಆ ಕಂಬ ನಿಂತಿದೆಯೋ ಅದೇ ಅರಸ!

ಕಥೆಯನ್ನು ಮಕ್ಕಳಿಗೆ ಹೇಳುವಾಗ ನಾವು ವಿಷ ತಿಂದ ತಲೆಯನ್ನು ಮಾತ್ರ ಬೈಯುತ್ತೇವೆ. ಹಣ್ಣು ಹಂಚದ ತಲೆಯ ಪಾಲೂ ಅದರಲ್ಲಿದೆ. ನನ್ನ ಕನ್ನಡವನ್ನು ಕೇಳಿ ನಕ್ಕವರು ಹಂಚದ ತಲೆ. ಆ ಸಿಟ್ಟನ್ನು ಒಂಬತ್ತು ವರ್ಷವೋ ಹತ್ತು ವರ್ಷವೋ ಹೊಟ್ಟೆಯಲ್ಲಿಟ್ಟುಕೊಂಡು, ಏನೂ ಅರಿಯದ ಹುಡುಗನಿಗೆ ಉಣಿಸಿದ ನಾನು ಎರಡನೆಯ ತಲೆ.

ಆ ಹುಡುಗನಿಗೆ ನಾನು ತಪ್ಪೊಪ್ಪಿಕೊಳ್ಳಬೇಕಿತ್ತು. ಪ್ರವಾಸದಿಂದ ಬರುವಷ್ಟರಲ್ಲಿ ಅವನು ಶಾಲೆ ಮುಗಿಸಿ, ನಮ್ಮ ಕಡೆಯ ಬಹಳ ಜನರಂತೆ ದುಡಿಯಲು ಪುಣೆಗೆ ಹೋಗಿದ್ದ. ವರ್ಷಗಳು ಉರುಳಿದವು. ಸಂವಿಧಾನದ 98ನೆಯ ತಿದ್ದುಪಡಿಯಿಂದ 371(ಜೆ) ಅನುಚ್ಛೇದ ಬಂತು. 2013ರಿಂದ ನಮ್ಮ ಭಾಗದ ಮಕ್ಕಳಿಗೆ ಶಿಕ್ಷಣದಲ್ಲಿ, ಉದ್ಯೋಗದಲ್ಲಿ ಮೀಸಲಾತಿ ದೊರೆಯಿತು. 2019ರಲ್ಲಿ ಹೈದರಾಬಾದ್ ಕರ್ನಾಟಕವೆಂಬ ಹೆಸರು ಕಲ್ಯಾಣ ಕರ್ನಾಟಕವಾಯಿತು. ಎರಡು ವರ್ಷದ ಹಿಂದೆ ಒಂದು ಬೆಳಿಗ್ಗೆ ಅವನೇ ನಮ್ಮ ಮನೆಯ ಬಾಗಿಲಿಗೆ ಬಂದ. ತಲೆಯಲ್ಲಿ ಬಿಳಿಗೂದಲು, ಜೊತೆಗೆ ಕಾಲೇಜು ಸೇರಲಿರುವ ಮಗಳು. 371(ಜೆ) ಪ್ರಮಾಣಪತ್ರಕ್ಕೆ ಅರ್ಜಿ ತುಂಬಿಕೊಡಬೇಕಿತ್ತು. ತುಂಬಿಕೊಟ್ಟೆ. ಕೆಲವು ದಿನಗಳ ಮೇಲೆ ಪ್ರಮಾಣಪತ್ರವನ್ನು ತೋರಿಸಲು ಪೇಢೆಯ ಪೊಟ್ಟಣ ಹಿಡಿದು ಇಬ್ಬರೂ ಬಂದರು.

ಕಾಗದದ ನೆತ್ತಿಯಲ್ಲಿ ಅದೇ ಹಕ್ಕಿ. ಕೆಳಗೆ, ಈಕೆ ಈ ಪ್ರದೇಶದವಳೆಂಬ ದೃಢೀಕರಣ. ಇವಳು ಕಲ್ಯಾಣ ನಾಡಿನವಳೆಂದು ಹೇಳಲು ಅದಕ್ಕಿಂತ ತಕ್ಕ ಸಾಕ್ಷಿ ಯಾವುದಿದ್ದೀತು! ನಾನು ಅವನನ್ನು ಕೂರಿಸಿ, ಅಂದಿನ ಪ್ರಶ್ನೆಯನ್ನು ನೆನಪಿಸಿದೆ. ಅವನಿಗೆ ನೆನಪಿರಲಿಲ್ಲ. ನನಗಿತ್ತು. ನಾನು ತಪ್ಪು ಹೇಳಿದ್ದೆನೆಂದು ಒಪ್ಪಿಕೊಂಡು ಬಳ್ಳಿಗಾವೆಯ ಕಥೆಯನ್ನು ಹೇಳಿದೆ. ಕೇಳಿ ಅವನು ನಕ್ಕ.

"ಹಂಗಾದ್ರ ನಮ್ಮ ಹಕ್ಕೀನೇ ಮೈಸೂರಿಗಿ ಹೋಗಿ ಹೊಳ್ಳಿ ಬಂದದ ಅನ್ರಿ ಸರ್!"

"ಅಷ್ಟು ಸಸಾರ ಇಲ್ಲೋ ತಮ್ಮಾ" ಎಂದು ನಾನು ತಕ್ಷಶಿಲೆಯ ಕಡೆಗೆ ಹೊರಟೆ. ಅವನು ಗಡಿಯಾರ ನೋಡಿಕೊಂಡ, ಆಳಂದದ ಬಸ್ಸಿಗೆ ಹೊತ್ತಾಗಿತ್ತು. ಆದರೆ ಅವನ ಮಗಳು ಕಾಗದವನ್ನು ಕೈಯಲ್ಲೇ ಹಿಡಿದುಕೊಂಡು ಕೇಳಿದಳು: "ಮುತ್ಯಾ, ಎರಡು ತಲಿ ಯಾಕ ಅದಾವರಿ?"

ಮತ್ತೆ ಒಳ್ಳೆಯ ಪ್ರಶ್ನೆ. ಈ ಸಲ ನಾನು ಅವಸರ ಮಾಡಲಿಲ್ಲ. ಎರಡೂ ದಿಕ್ಕಿಗೆ ನೋಡಲಿಕ್ಕೆ ಎಂದು ಅರಸರು ಹೇಳಿದ್ದಾರು. ಆದರೆ ನೀನೇ ಓದಿ ನನಗೆ ಬಂದು ಹೇಳವ್ವಾ ಎಂದೆ. ಬರುತ್ತೇನೆಂದು ಹೇಳಿ ಹೋಗಿದ್ದಾಳೆ. ಟ್ರಂಕಿನ ಕಾಗದಗಳನ್ನು ಅವಳಿಗೆ ತೋರಿಸಲೆಂದು ಮೇಲೆಯೇ ಇಟ್ಟಿದ್ದೇನೆ.